ಜಪಾನಿನ ಕೃಷ್ಣಪ್ಪಣ್ಣ

ನಮ್ಮ ಮನೆಗೆ ಮೊದಲ ಸಲ ಬಂದವರು ಹಾಲ್‌ನ ಗೋಡೆಯ ಮೇಲಿರುವ ಅಪ್ಪನ ಫೋಟೋ ನೋಡುತ್ತಾರೆ, ಮರ್ಯಾದೆಗೆ ಕೈ ಮುಗಿಯುತ್ತಾರೆ, ಆಮೇಲೆ ತಡೆಯಲಾಗದೆ ಕೇಳಿಯೇ ಬಿಡುತ್ತಾರೆ: "ಆ ಕೈ ಯಾರದು?"

ಕೇಳುವುದರಲ್ಲಿ ತಪ್ಪೇನಿಲ್ಲ. ಗಂಧದ ಚಕ್ಕೆಯ ಹಾರದೊಳಗೆ ಅಪ್ಪ ಎಣ್ಣೆ ಹಚ್ಚಿ ತಲೆ ಬಾಚಿಕೊಂಡು ನಿಂತಿದ್ದಾರೆ. ಅವರ ಎಡ ಹೆಗಲ ಮೇಲೆ ವಾಚು ಕಟ್ಟಿದ ಒಂದು ಕೈ ಇದೆ. ಕೈಯ ಹಿಂದೆ ಇರಬೇಕಾದ ಮನುಷ್ಯ ಇಲ್ಲ. ಅವನನ್ನು ಸ್ಟುಡಿಯೋದವರು ಕತ್ತರಿಸಿದ್ದಾರೆ. ಅಪ್ಪ ಮಂಗಳೂರಿನ ಒಂದು ಖಾಸಗಿ ಬಸ್ ಕಂಪನಿಯಲ್ಲಿ ಟಿಕೆಟು ಬುಕಿಂಗಿಗೆ ಕೂರುತ್ತಿದ್ದವರು. ಬದುಕಿರುವಾಗ ಒಬ್ಬರೇ ನಿಂತು ಫೋಟೋ ತೆಗೆಸಿಕೊಂಡವರಲ್ಲ. ಇದ್ದದ್ದೆಲ್ಲ ಮದುವೆ ಮುಂಜಿಗಳ ಗುಂಪು ಫೋಟೋಗಳು. ಅವುಗಳಲ್ಲೂ ಅಂಚಿನಲ್ಲಿ, ಅರ್ಧ ಮುಖ ಇನ್ಯಾರದೋ ಪೇಟದ ಹಿಂದೆ. ಅವರು ಹೋದ ಮೇಲೆ ಗೋಡೆಗೆ ಒಂದು ಬೇಕಲ್ಲ ಎಂದು ಮನೆಯವರೆಲ್ಲ ಹುಡುಕಿದಾಗ ಯಾರದೋ ಮದುವೆಯಲ್ಲಿ ಪೂರ್ತಿ ಮುಖ ಸಿಕ್ಕಿತು, ಜೊತೆಗೆ ಈ ಕೈಯೂ. ಕೈ ತೆಗೆದರೆ ಹೆಗಲೂ ಹೋಗುತ್ತದೆ ಎಂದರು ಸ್ಟುಡಿಯೋದವರು. ಹಾಗಾದರೆ ಇರಲಿ ಎಂದರು ಅಮ್ಮ.

ನನ್ನ ಮಗಳು ಸಿಂಚನ ತನ್ನ ಫೋನಿನಲ್ಲಿ ಆ ಕೈಯನ್ನು ಬೆರಳಿನಿಂದ ಒರೆಸಿ ತೆಗೆದು ತೋರಿಸಿದ್ದಾಳೆ. ಅಮ್ಮ ಒಪ್ಪಲಿಲ್ಲ. ಕೈ ಯಾರದೆಂದು ಕೇಳಿದರೆ ಒಂದು ಸಲ ಡ್ರೈವರ್ ಸಂಜೀವಣ್ಣನದು ಎನ್ನುತ್ತಾರೆ, ಇನ್ನೊಂದು ಸಲ ಮದುಮಗನ ಭಾವನದು ಎನ್ನುತ್ತಾರೆ. ಮಂಗಳೂರಿನಿಂದ ಅಮೆರಿಕದ ಸ್ಯಾನ್ ಮಟಿಯೋಗೆ ನಮ್ಮ ಜೊತೆ ಇರಲು ಬಂದಾಗ ಸೂಟ್‌ಕೇಸಿನಲ್ಲಿ ಎರಡು ಸೀರೆಗಳ ನಡುವೆ ಇಟ್ಟು ತಂದದ್ದು ಈ ಫೋಟೋವನ್ನೇ.

ಅಂಚಿನಲ್ಲಿ ನಿಲ್ಲುವುದು ನಮ್ಮ ಮನೆತನಕ್ಕೆ ಬಂದದ್ದು ಎಂದು ಕಾಣುತ್ತದೆ. ಇಲ್ಲಿನ ಕನ್ನಡದವರೆಲ್ಲ ಸೇರಿ ವರ್ಷಕ್ಕೊಂದು ನಾಟಕ ಆಡುತ್ತೇವೆ. ಈ ದೇಶಕ್ಕೆ ಬಂದಾಗಿನಿಂದ ನಾನು ಅದರಲ್ಲಿದ್ದೇನೆ. ಪೊಲೀಸ್ ಆಗಿದ್ದೇನೆ, ಡಾಕ್ಟರ್ ಆಗಿದ್ದೇನೆ, "ಸ್ವಾಮಿ, ನಿಮಗೆ ತಂತಿ ಬಂದಿದೆ" ಎನ್ನುವವನಾಗಿದ್ದೇನೆ. ತಂತಿಯೇ ನಿಂತುಹೋದ ಮೇಲೆ ಕೊರಿಯರ್ ಆದೆ. ಡಾಕ್ಟರನಾಗಿ ಒಳಗೆ ಹೋಗಿ "ಇನ್ನು ದೇವರೇ ಕಾಪಾಡಬೇಕು" ಎನ್ನುವುದಕ್ಕೆ ನಾನು ಮಾಡಿಕೊಂಡಷ್ಟು ತಯಾರಿಯನ್ನು ಓದಿ ಪಾಸಾದ ಡಾಕ್ಟರುಗಳೂ ಮಾಡಿಕೊಂಡಿರಲಾರರು. ನನ್ನ ಹೆಂಡತಿ ವಿದ್ಯಾ ಬೆಂಗಳೂರಿನವಳು, ಮಾತು ನೇರ. "ರೀ, ನಿಮ್ಮ ಸೀನು ಬಂದಾಗ ನಾನು ಕೆಮ್ಮುತ್ತಾ ಇದ್ದೆ, ಮಿಸ್ ಆಗೋಯ್ತು" ಎಂದು ಒಂದು ವರ್ಷ ಹೇಳಿದ್ದಳು. ನಾನೇನೂ ಬೇಜಾರು ಮಾಡಿಕೊಳ್ಳಲಿಲ್ಲ. ಅಷ್ಟು ದೊಡ್ಡ ಕೆಮ್ಮೂ ಅಲ್ಲ ಅದು.

ಹೀಗಿರುವಾಗ ನಮ್ಮ ಮನೆಗೆ ಕೃಷ್ಣಪ್ಪಣ್ಣ ಬಂದರು.

ಅಮ್ಮನಿಗೆ ಟಿವಿಯಲ್ಲಿ ಕನ್ನಡ ಧಾರಾವಾಹಿ ಹಾಕಿ ಕೊಟ್ಟಿದ್ದೆವು. ಎರಡೇ ವಾರದಲ್ಲಿ ಬೇಡವೆಂದರು. "ಇವರದ್ದು ಎಂತ ಗಲಾಟೆ ಮಾರಾಯ, ಒಂದು ಚಾ ಕುಡಿಲಿಕ್ಕೂ ಸಿಡಿಲು ಬಡಿಯುತ್ತದೆ" ಎನ್ನುವುದು ಅವರ ದೂರು. ಒಂದು ಮಧ್ಯಾಹ್ನ ರಿಮೋಟು ಎಲ್ಲೋ ಒತ್ತಿ ಹಳೆಯ ಜಪಾನಿ ಚಿತ್ರಗಳೂ ಧಾರಾವಾಹಿಗಳೂ ಬರುವ ಚಾನೆಲ್ಲಿಗೆ ಹೋದರು. ಅಲ್ಲಿ ಜನ ಚಪ್ಪಲಿ ಹೊರಗೆ ಬಿಟ್ಟು ಒಳಗೆ ಬರುತ್ತಾರೆ, ನೆಲದ ಮೇಲೆ ಕೂತು ಅನ್ನ ಉಣ್ಣುತ್ತಾರೆ, ದೊಡ್ಡವರಿಗೆ ಬಗ್ಗುತ್ತಾರೆ. ಅಮ್ಮನಿಗೆ ಜಪಾನಿ ಬರುವುದಿಲ್ಲ, ಕೆಳಗೆ ಓಡುವ ಇಂಗ್ಲಿಷ್ ಅಕ್ಷರಗಳೂ ಓದಲಿಕ್ಕಾಗುವುದಿಲ್ಲ. ಆದರೂ ಅಲ್ಲಿಂದ ಏಳಲಿಲ್ಲ.

ಆ ಚಾನೆಲ್ಲಿನಲ್ಲಿ ಒಬ್ಬರು ನಟರು ಎಲ್ಲದರಲ್ಲೂ ಇರುತ್ತಿದ್ದರು. ನಾಯಕ ಬದಲಾಗುತ್ತಿದ್ದ, ನಾಯಕಿ ಬದಲಾಗುತ್ತಿದ್ದಳು, ಇವರು ಮಾತ್ರ ಹಾಗೇ ಮೂಲೆಯಲ್ಲಿ. ಅಗಲ ಮುಖ, ಸ್ವಲ್ಪ ಇಳಿದ ರೆಪ್ಪೆ, ನಕ್ಕರೆ ಒಂದು ಕಡೆ ಮಾತ್ರ ನಗುವ ಬಾಯಿ. "ಇವ ನಮ್ಮ ಕೃಷ್ಣಪ್ಪಣ್ಣನ ಹಾಗೆಯೇ ಇದ್ದಾನೆ" ಎಂದರು ಅಮ್ಮ. ಕೃಷ್ಣಪ್ಪಣ್ಣ ಎಂದರೆ ಅಪ್ಪನ ಬಸ್ ಆಫೀಸಿನ ಎದುರು ಬಾಳೆಹಣ್ಣಿನ ಗೊನೆ ತೂಗುಹಾಕಿ ಅಂಗಡಿ ಇಟ್ಟುಕೊಂಡಿದ್ದವರು. ಅಂದಿನಿಂದ ಆ ಜಪಾನಿ ನಟರಿಗೆ ನಮ್ಮ ಮನೆಯಲ್ಲಿ ಅದೇ ಹೆಸರು. ನಿಜವಾದ ಹೆಸರು ನಾನು ಹುಡುಕಿ ತಿಳಿದುಕೊಂಡಿದ್ದೇನೆ. ಬರೆದು ಪ್ರಯೋಜನವಿಲ್ಲ, ಮನೆಯಲ್ಲಿ ಯಾರೂ ಅದನ್ನು ಬಳಸಿದವರಲ್ಲ.

ಅವರ ವೃತ್ತಿಜೀವನವನ್ನು ನಾವು ನೋಡಿದ್ದು ಹಿಂದುಮುಂದಾಗಿ. ಚಾನೆಲ್ಲಿನವರಿಗೆ ಯಾವುದು ಸಿಕ್ಕಿತೋ ಅದನ್ನು ಹಾಕುತ್ತಿದ್ದರು. ಹಾಗಾಗಿ ಕೃಷ್ಣಪ್ಪಣ್ಣ ಸೋಮವಾರ ಹಲ್ಲು ಬಿದ್ದ ಅಜ್ಜ, ಬುಧವಾರ ಕತ್ತಿ ಹಿಡಿದ ಯುವಕ, ಶುಕ್ರವಾರ ಆಫೀಸಿನಲ್ಲಿ ದೊಡ್ಡ ಸಾಹೇಬರ ಎದುರು ಬೆವರು ಒರೆಸಿಕೊಳ್ಳುವ ಗುಮಾಸ್ತ. ಶುರುವಿನಲ್ಲಿ ಅವರಿಗೆ ಸಿಕ್ಕಿದ್ದು ಕತ್ತಿಕಾಳಗದ ಚಿತ್ರಗಳು. ನಾಯಕನ ಮೇಲೆ ಏರಿ ಹೋಗುವ ಗುಂಪಿನಲ್ಲಿ ಒಬ್ಬರು, ಒಂದೇ ಏಟಿಗೆ ಬೀಳುವವರು. ಆಮೇಲೆ ರೌಡಿಗಳ ಚಿತ್ರ ಬಂದಾಗ ದೊಡ್ಡ ರೌಡಿಯ ಹಿಂದೆ ಕೊಡೆ ಹಿಡಿದವರು. ಟಿವಿ ಬಂದ ಮೇಲೆ ಪೊಲೀಸ್ ಠಾಣೆಯಲ್ಲಿ ಕಡತ ತಂದುಕೊಡುವವರು, ನಡುವಯಸ್ಸಿಗೆ ಇನ್‌ಸ್ಪೆಕ್ಟರು, ಮೀನಿನಂಗಡಿ ಯಜಮಾನರು, ಮಗಳನ್ನು ಧಾರೆ ಎರೆದು ಕೊಟ್ಟು ಒಬ್ಬರೇ ಕುಳಿತು ಕುಡಿಯುವ ತಂದೆ. ಕೂದಲು ಬೆಳ್ಳಗಾದ ಮೇಲೆ ನ್ಯಾಯಾಧೀಶರು ಮತ್ತು ಮಠದ ಸ್ವಾಮಿಗಳು. ಒಂದರಲ್ಲೂ ನಾಯಕನಲ್ಲ.

ಅಮ್ಮನ ಲೆಕ್ಕವೇ ಬೇರೆ. ಅವರ ಪ್ರಕಾರ ಇದೆಲ್ಲ ಒಬ್ಬನೇ ಮನುಷ್ಯನ ಸರ್ವಿಸ್ಸು. ನಾನು ಆಫೀಸಿನಿಂದ ಬಂದೊಡನೆ ವರದಿ ಸಿಗುತ್ತಿತ್ತು. "ಇವತ್ತು ಕೃಷ್ಣಪ್ಪಣ್ಣನಿಗೆ ಬಡ್ತಿ ಆಯ್ತು. ಟೋಪಿ ಕೊಟ್ಟಿದ್ದಾರೆ." ಮರುದಿನ ಮುಖ ಸಣ್ಣದು ಮಾಡಿಕೊಂಡು, "ಪುನಃ ಕಳ್ಳರ ಜೊತೆ ಸೇರಿದ. ನ್ಯಾಯಾಧೀಶ ಆಗಿದ್ದವ." ಸಿಂಚನ ಪಕ್ಕದಲ್ಲಿ ಕೂತು ಅಕ್ಷರ ಓದಿ, "ಅಜ್ಜಿ, ಹಿ ಈಸ್ ದ ಬಾಸ್ ನೌ" ಎಂದು ಹೇಳಿದರೆ ಅಮ್ಮ, "ಆಗಲಿ ಮಗಾ, ಎಷ್ಟು ವರ್ಷದಿಂದ ದುಡೀತಿದ್ದಾನೆ" ಎನ್ನುತ್ತಿದ್ದರು. ಒಬ್ಬಳಿಗೆ ಇನ್ನೊಬ್ಬಳ ಭಾಷೆ ಅರ್ಧ ಗೊತ್ತು. ಸಾಗುತ್ತಿತ್ತು.

ಅಮ್ಮನಿಂದಾಗಿ ನಾನು ಗಮನಿಸಿದ ಒಂದು ಸಂಗತಿ ಇದೆ. "ಇವ ಕೈ ಸುಮ್ಮನೆ ಇಡುವವನಲ್ಲ, ನೋಡು" ಎಂದರು ಒಂದು ದಿನ. ಹೌದು. ನಾಯಕ ನಡುವೆ ನಿಂತು ಉದ್ದ ಮಾತಾಡುವಾಗ ಕೃಷ್ಣಪ್ಪಣ್ಣ ಹಿಂದೆ ಕಿತ್ತಳೆ ಸುಲಿಯುತ್ತಿರುತ್ತಾರೆ. ಕನ್ನಡಕ ಒರೆಸುತ್ತಾರೆ, ಚಹಾದ ಲೋಟವನ್ನು ಅಂಗೈಯಲ್ಲಿ ತಿರುಗಿಸುತ್ತಾರೆ, ಅಂಗಿಯ ಗುಂಡಿಯ ಸಡಿಲ ನೂಲು ನೋಡುತ್ತಾರೆ. ನಾಯಕನನ್ನು ನೋಡುವುದಿಲ್ಲ. ಮಾತು ಮುಗಿಯುವ ಹೊತ್ತಿಗೆ ಕಿತ್ತಳೆಯೂ ಮುಗಿದಿರುತ್ತದೆ. ಅವರಿಂದಾಗಿ ಆ ಕೋಣೆಯಲ್ಲಿ ನಿಜವಾಗಿ ಯಾರೋ ವಾಸವಾಗಿದ್ದಾರೆ ಎನಿಸುತ್ತಿತ್ತು. ನಾನು ಇದನ್ನು ಕಲಿತು ನಮ್ಮ ತಾಲೀಮಿನಲ್ಲಿ ಪ್ರಯೋಗ ಮಾಡಿದೆ. ನಾಯಕ ಅಳುವಾಗ ಹಿಂದೆ ಮೇಜು ಒರೆಸಿದೆ. ನಮ್ಮ ನಿರ್ದೇಶಕ ಪ್ರಹ್ಲಾದ ಧಾರವಾಡದವರು. ತಾಲೀಮು ನಿಲ್ಲಿಸಿ, "ರೀ ರಾಯರ, ನೀವು ಏನೂ ಮಾಡಬ್ಯಾಡ್ರಿ. ಸುಮ್ನ ನಿಂದರ್ರಿ ಸಾಕು. ಮಂದಿ ಮೇಜು ನೋಡ್ಲಿಕ್ಕತ್ತಾರ" ಎಂದರು. ಜನ ನನ್ನನ್ನು ನೋಡಿದರೆಂಬುದಕ್ಕೆ ಸಿಕ್ಕ ಮೊದಲ ಸಾಕ್ಷಿ ಅದು. ಮೇಜಿನ ಲೆಕ್ಕದಲ್ಲಿ ಆದರೂ ಸರಿ.

ಇರಲಿ. ಒಂದು ಸಂಜೆ ನಾನು ಮನೆಗೆ ಬಂದಾಗ ಅಮ್ಮ ತಲೆಗೆ ನೀರು ಹಾಕಿಕೊಂಡು, ಒದ್ದೆ ಕೂದಲು ಬಿಟ್ಟು ಕೂತಿದ್ದರು. ಊರಿನಲ್ಲಿ ಯಾರೋ ಹೋದರು ಎಂದುಕೊಂಡೆ. ನಮ್ಮಲ್ಲಿ ದೂರದ ನೆಂಟರು ಹೋದ ಸುದ್ದಿ ಬಂದರೆ ಒಂದು ಸ್ನಾನ ಮಾಡುವುದು ಕ್ರಮ.

"ಯಾರಮ್ಮ?" ಎಂದೆ.

"ಕೃಷ್ಣಪ್ಪಣ್ಣ ಹೋದ" ಎಂದರು.

ಆದದ್ದು ಇಷ್ಟು. ಆ ದಿನದ ಧಾರಾವಾಹಿಯಲ್ಲಿ ಕೃಷ್ಣಪ್ಪಣ್ಣ ಮನುಷ್ಯರಾಗಿ ಬಂದಿರಲೇ ಇಲ್ಲ. ಒಂದು ಮನೆಯ ದೇವರ ಗೂಡಿನಂಥ ಕಡೆ ಕಪ್ಪು ಚೌಕಟ್ಟಿನಲ್ಲಿ ಅವರ ಫೋಟೋ ಇತ್ತು, ಸೊಸೆಯಂಥವಳು ಊದುಬತ್ತಿ ಹಚ್ಚಿ ಕೈ ಮುಗಿದಳು. ಸತ್ತುಹೋದ ಯಜಮಾನನ ಪಾತ್ರ ಅವರಿಗೆ. ನಟನೆ ಎಂದರೆ ಫೋಟೋದಲ್ಲಿ ಇರುವುದು. "ಅಮ್ಮ, ಅದು ಪಾತ್ರ" ಎಂದೆ. "ಬದುಕಿದವನ ಫೋಟೋಕ್ಕೆ ಯಾರಾದರೂ ಊದುಬತ್ತಿ ಹಚ್ಚುತ್ತಾರಾ? ಅವರೂ ನಮ್ಮ ಹಾಗೆಯೇ ಇರುವ ಜನ" ಎಂದರು. ಮರುದಿನ ಅದೇ ಕೃಷ್ಣಪ್ಪಣ್ಣ ಕತ್ತಿ ಹಿಡಿದು ಓಡಿ ಬಂದರೂ ಅಮ್ಮ ಕರಗಲಿಲ್ಲ. "ಅದು ಹಳೇದು" ಎಂದು ಬೇರೆ ಕಡೆ ನೋಡಿದರು.

ಕೊನೆಗೆ ನಾನು ಎದುರು ಮನೆಯ ಹಿರೋಕೋ ಅವರನ್ನು ಚಹಾಕ್ಕೆ ಕರೆದೆ. ವಯಸ್ಸಾದವರು, ಕ್ಯೋಟೋ ಕಡೆಯವರು, ಮದುವೆಯಾಗಿ ಈ ದೇಶಕ್ಕೆ ಬಂದು ಒಂದು ಜೀವಮಾನವೇ ಆಗಿದೆ. ಅಮ್ಮ ಅವರನ್ನು ಹಿರೋಕಮ್ಮ ಎನ್ನುತ್ತಾರೆ. ಅವರು ತಮ್ಮ ಹಿತ್ತಲಿನ ಹಣ್ಣು ತಂದುಕೊಡುತ್ತಾರೆ, ಅಮ್ಮ ನೀರುದೋಸೆ ಕೊಟ್ಟು ಕಳಿಸುತ್ತಾರೆ. ಹಿರೋಕೋ ನಮ್ಮ ನಟರ ಹೆಸರು ಕೇಳಿ ನಕ್ಕರು. ಅವರು ಬದುಕಿದ್ದಾರೆ, ಈಚೆಗೆ ಪಾತ್ರ ಮಾಡುವುದನ್ನು ಬಿಟ್ಟು ಊರಲ್ಲಿ ಕಿತ್ತಳೆ ಗಿಡ ನೋಡಿಕೊಂಡಿದ್ದಾರಂತೆ ಎಂದರು. ಹಿರೋಕೋ ಅವರ ಮೈದುನ ಅಲ್ಲಿನ ಸ್ಟುಡಿಯೋದಲ್ಲಿ ದೀಪ ಹಿಡಿಯುವ ಕೆಲಸದಲ್ಲಿದ್ದವನಂತೆ. ಅವನು ಹೇಳುತ್ತಿದ್ದ ಒಂದು ಪದ್ಧತಿಯನ್ನೂ ತಿಳಿಸಿದರು. ಬದುಕಿರುವ ನಟನನ್ನು ಹೆಣವಾಗಿ ಮಲಗಿಸಿದರೆ, ಸತ್ತವರ ಫೋಟೋದಲ್ಲಿ ತೋರಿಸಿದರೆ, ಆ ದಿನದ ಕೆಲಸ ಮುಗಿದ ಮೇಲೆ ಚಿತ್ರದವರು ಅವನ ಕೈಗೆ ಒಂದು ಪುಟ್ಟ ಲಕೋಟೆ ಕೊಡುತ್ತಾರಂತೆ. ಸಂಬಳವಲ್ಲ ಅದು. ನಿನಗೆ ಏನೂ ಆಗದಿರಲಿ ಎಂದು.

ನಾನು ಕನ್ನಡದಲ್ಲಿ ಹೇಳಿದೆ. ಅಮ್ಮ ಹಿರೋಕೋ ಅವರ ಮುಖ ನೋಡಿದರು. "ಲಕೋಟೆ ಕೊಡ್ತಾರಾ? ಹಾಗಾದರೆ ಅವರಿಗೂ ಹೆದರಿಕೆ ಉಂಟು" ಎಂದರು. ಅದರ ನಂತರ ಕೃಷ್ಣಪ್ಪಣ್ಣನನ್ನು ಮತ್ತೆ ಬದುಕಿದವರ ಪಟ್ಟಿಗೆ ಸೇರಿಸಿಕೊಂಡರು.

ಇಷ್ಟು ಹೊತ್ತಿಗೆ ಪ್ರಹ್ಲಾದರ ಹೊಸ ನಾಟಕ ಶುರುವಾಗಿತ್ತು. ತೀರಿಕೊಂಡ ತಂದೆಯ ಮನೆಯನ್ನು ಮಾರಬೇಕೋ ಬೇಡವೋ ಎಂದು ಮಕ್ಕಳು ಜಗಳವಾಡುವ ಹಾಸ್ಯ ನಾಟಕ. ರಂಗದ ನಟ್ಟನಡುವೆ ತಂದೆಯ ದೊಡ್ಡ ಫೋಟೋ, ಹಾರ ಹಾಕಿದ್ದು. ಮಕ್ಕಳು ಮಾತೆತ್ತಿದರೆ ಅದರ ಕಡೆ ಕೈ ತೋರಿಸುತ್ತಾರೆ. ಪ್ರಹ್ಲಾದ ನನ್ನ ಹೆಗಲ ಮೇಲೆ ಕೈ ಹಾಕಿ, "ರಾಯರ, ಆ ಅಪ್ಪನ ಪಾತ್ರ ನಿಮ್ದು. ಒಂದು ಚಲೋ ಫೋಟೋ ತೆಗೆಸಿಕೊಂಡು ಬರ್ರಿ" ಎಂದರು.

ನೀವು ನಗುತ್ತೀರಿ ಎಂದು ಗೊತ್ತು. ಆದರೆ ನನ್ನ ಸ್ಥಾನದಲ್ಲಿ ನಿಂತು ನೋಡಿ. ಪರದೆ ಎದ್ದಾಗಿನಿಂದ ಬೀಳುವವರೆಗೂ ರಂಗದ ಮೇಲಿರುವ ಪಾತ್ರ ನನಗೆ ಎಂದೂ ಸಿಕ್ಕಿರಲಿಲ್ಲ. ಮೇಲಾಗಿ ಕೃಷ್ಣಪ್ಪಣ್ಣನೇ ಹಾಕಿಕೊಟ್ಟ ದಾರಿ. ನಾನು ಹೊಸ ಅಂಗಿ ಹಾಕಿ ಫೋಟೋ ತೆಗೆಸಿ, ಚೌಕಟ್ಟು ಕಟ್ಟಿಸಿ, ಇಂಡಿಯನ್ ಗ್ರೋಸರಿಯಿಂದ ಪ್ಲಾಸ್ಟಿಕ್ಕಿನ ಚೆಂಡುಹೂವಿನ ಹಾರ ತಂದೆ. ಮನೆಯಲ್ಲಿ ಹಾಕಿ ನೋಡಿದೆ. ಚೆನ್ನಾಗಿ ಕಾಣುತ್ತಿದ್ದೆ.

ಅಮ್ಮ ಅಡುಗೆಮನೆಯಿಂದ ಬಂದವರು ನೋಡಿದರು. ಕೈಯಲ್ಲಿದ್ದ ಸೌಟು ಮೇಜಿನ ಮೇಲಿಟ್ಟು, ಹಾರ ತೆಗೆದು, ಫೋಟೋವನ್ನು ಬೋರಲು ಹಾಕಿದರು.

"ಇದು ಬೇಡ" ಎಂದರು.

"ನಾಟಕ ಅಮ್ಮ."

"ನಿನ್ನ ಅಪ್ಪ ಹೋದಾಗ ಅವರಿಗೆ ನಿನ್ನ ಈಗಿನ ಪ್ರಾಯ. ಅವರ ಮುಖವನ್ನು ಹಾರದ ಒಳಗೆ ನೋಡಿ ನೋಡಿ ನನಗೆ ಸಾಕಾಗಿದೆ. ನಿನ್ನ ಮುಖವನ್ನೂ ಹಾಗೆ ನೋಡಲಿಕ್ಕೆ ನನ್ನಿಂದ ಆಗುವುದಿಲ್ಲ."

ಸ್ವರ ಏರಿಸಲಿಲ್ಲ. ಬೋರಲಾದ ಫೋಟೋದ ಮೇಲೆ ಒಂದು ಕೈ ಇಟ್ಟುಕೊಂಡೇ ನಿಂತಿದ್ದರು. ನನಗೆ ಬೇಕಾದದ್ದು ಒಂದು ಪಾತ್ರ, ಅಮ್ಮನಿಗೆ ಬೇಕಾದದ್ದು ನಾನು. ಇದರಲ್ಲಿ ವಾದಕ್ಕೆ ಏನಿದೆ? ಆದರೂ ಎರಡು ದಿನ ಮುಖ ಊದಿಸಿಕೊಂಡಿದ್ದೆ. "ಐವತ್ತು ದಾಟಿದ್ಮೇಲೆ ಫೋಟೋ ಆಗ್ಬೇಕು ಅಂತ ಹಟ ಮಾಡೋರನ್ನ ನಿಮ್ಮೊಬ್ಬರನ್ನೇ ನೋಡಿದ್ದು" ಎಂದಳು ವಿದ್ಯಾ. ಪ್ರಹ್ಲಾದರಿಗೆ ಫೋನ್ ಮಾಡಿ ಆಗುವುದಿಲ್ಲವೆಂದೆ.

ಅವರು ಬೇರೆಯವರನ್ನು ಕೇಳಿದರು. ನಮ್ಮಲ್ಲಿ ವಿಜ್ಞಾನಿಗಳಿದ್ದಾರೆ, ಡಾಕ್ಟರರಿದ್ದಾರೆ, ಇಂಥದ್ದನ್ನೆಲ್ಲ ನಂಬುವುದಿಲ್ಲ ಎಂದು ಊಟದ ಮೇಜಿನಲ್ಲಿ ಭಾಷಣ ಮಾಡುವವರೂ ಇದ್ದಾರೆ. ಯಾರಿಗೂ ಆ ವಾರ ಫೋಟೋ ತೆಗೆಸಿಕೊಳ್ಳಲು ಪುರುಸೊತ್ತಿರಲಿಲ್ಲ. ಪಕ್ಕದ ಊರು ಫಾಸ್ಟರ್ ಸಿಟಿಯ ಒಬ್ಬ ಇಂಜಿನಿಯರು ಕಂಪ್ಯೂಟರಿಗೆ ಹೇಳಿ ಇಲ್ಲದ ಮನುಷ್ಯನ ಫೋಟೋ ಮಾಡಿಸಿಕೊಂಡು ಬಂದರು. ಬಹಳ ಚೆನ್ನಾಗಿತ್ತು. ಎಷ್ಟು ಚೆನ್ನಾಗಿತ್ತೆಂದರೆ ಇಂಥವನಿಗೆ ಈ ಮಕ್ಕಳು ಹುಟ್ಟಿದರು ಎಂದು ಯಾರೂ ನಂಬುವ ಹಾಗಿರಲಿಲ್ಲ. "ಸೋಪಿನ ಜಾಹೀರಾತಿನ ಮಾವ ಇದ್ದಂಗ ಇದ್ದಾನ" ಎಂದು ಪ್ರಹ್ಲಾದ ಅದನ್ನೂ ಬಿಟ್ಟರು.

ನಾಟಕಕ್ಕೆ ಸ್ವಲ್ಪ ದಿನ ಇರುವಾಗ ಅವರು ನಮ್ಮ ಮನೆಗೆ ಬಂದರು. ಕಾಫಿ ಕುಡಿಯುತ್ತಾ ಗೋಡೆ ನೋಡಿ ಎಲ್ಲರಂತೆ ಕೇಳಿದರು, "ಆ ಕೈ ಯಾರದ್ರೀ ಅಮ್ಮಾರ?"

"ಸಂಜೀವಣ್ಣನದು" ಎಂದರು ಅಮ್ಮ.

ಪ್ರಹ್ಲಾದ ತಮ್ಮ ಕಷ್ಟ ಹೇಳಿಕೊಂಡರು. ನನ್ನ ಬಾಯಿಂದ ಕೇಳಿದ್ದ ಜಪಾನಿನ ಸಂಗತಿಯನ್ನು ಎತ್ತಿ, "ಅಲ್ಲಿ ಅಷ್ಟು ದೊಡ್ಡ ನಟರು ಫೋಟೋ ಆಗಿ ಕೂತ್ರು. ಏನಾತು ಅವ್ರಿಗೆ? ಆರಾಮ ಅದಾರಂತ" ಎಂದರು.

"ಅಲ್ಲಿ ಲಕೋಟೆ ಕೊಡ್ತಾರೆ. ನೀವು ಎಂತ ಕೊಡ್ತೀರಿ?"

ಪ್ರಹ್ಲಾದ ನನ್ನ ಮುಖ ನೋಡಿದರು. ನಾನು ಕೃಷ್ಣಪ್ಪಣ್ಣನ ಹಾಗೆ ಕಪ್ಪನ್ನು ಅಂಗೈಯಲ್ಲಿ ತಿರುಗಿಸುತ್ತಾ ಕೂತೆ. ಅಮ್ಮ ಎದ್ದರು. ಕುರ್ಚಿ ಎಳೆದುಕೊಂಡು ಹತ್ತಲು ಹೊರಟವರನ್ನು ತಡೆದು ನಾನೇ ಅವರು ತೋರಿಸಿದ ಫೋಟೋ ಇಳಿಸಿಕೊಟ್ಟೆ. ಸೆರಗಿನಿಂದ ಗಾಜು ಒರೆಸಿದರು. ಗಂಧದ ಹಾರ ನೇರ ಮಾಡಿ ಪ್ರಹ್ಲಾದರ ಕೈಗೆ ಕೊಟ್ಟರು.

"ಇವರನ್ನು ಕರಕೊಂಡು ಹೋಗಿ. ಇವರಿಗೆ ಇನ್ನು ಎಂತ ಆಗಲಿಕ್ಕುಂಟು?"

ಹೀಗೆ ನನ್ನ ಪಾತ್ರ ನನ್ನ ಅಪ್ಪನ ಪಾಲಾಯಿತು. ನನಗೆ ಹಳೆಯ ಕೆಲಸವೇ ಸಿಕ್ಕಿತು. ಎರಡನೇ ಅಂಕದಲ್ಲಿ ನೆರೆಮನೆಯವನಾಗಿ ಕಾಫಿ ತಂದು, "ಸಕ್ಕರೆ ಕಡಿಮೆ ಹಾಕಿದ್ದೀನಿ" ಎನ್ನಬೇಕು. ಅಷ್ಟೇ.

ಹೈಸ್ಕೂಲಿನ ಆಡಿಟೋರಿಯಂ ತುಂಬಿತ್ತು. ಅಮ್ಮ ಮುಂದಿನ ಸಾಲಿನಲ್ಲಿ, ಪಕ್ಕದಲ್ಲಿ ಹಿರೋಕೋ; ಇವರಿಗೆ ಆ ದಿನ ಕೆಳಗೆ ಓಡುವ ಇಂಗ್ಲಿಷ್ ಅಕ್ಷರಗಳೂ ಇರಲಿಲ್ಲ. ನಾನು ತಟ್ಟೆ ಹಿಡಿದು ಒಳಗೆ ಹೋದೆ. ತಾಲೀಮುಗಳಲ್ಲೆಲ್ಲ ಆ ಜಾಗದಲ್ಲಿ ಬರೀ ರಟ್ಟು ತೂಗುಹಾಕಿರುತ್ತಿದ್ದರು. ಈಗ ಮೇಲೆ ನೋಡುತ್ತೇನೆ, ಅಪ್ಪ. ದೀಪವೆಲ್ಲ ಅವರ ಮುಖದ ಮೇಲೆ. ಯಾವ ಮದುವೆಯಲ್ಲೂ ನಡುವೆ ನಿಲ್ಲದವರು ಅಷ್ಟು ಜನರ ಎದುರು ನಟ್ಟನಡುವೆ ಇದ್ದಾರೆ, ಹೆಗಲ ಮೇಲೆ ಆ ಕೈ ಇದೆ, ಏನೂ ಸಂಕೋಚವಿಲ್ಲದೆ ಒಂದಿಷ್ಟು ನಗುತ್ತಲೂ ಇದ್ದಾರೆ. ಅಪ್ಪನನ್ನು ನೋಡಿ ಅಷ್ಟು ಸಂತೋಷ ನನಗೆ ಎಂದೂ ಆದದ್ದಿಲ್ಲ, ಅಷ್ಟು ದುಃಖವೂ. ಮಾತು ಹೊರಡಲಿಲ್ಲ. ಕೈಯಾದರೂ ಸುಮ್ಮನಿರಬಾರದೆಂದು ಮೇಜು ಒರೆಸಿದೆ. ನಾಯಕ ಸ್ವಲ್ಪ ಹೊತ್ತು ಕಾದು, ತಾನೇ ಕಪ್ಪು ತೆಗೆದುಕೊಂಡು, "ಸಕ್ಕರೆ ಕಡಿಮೆ ತಾನೇ?" ಎಂದು ಕೇಳಿದ. ತಲೆಯಾಡಿಸಿ ಹೊರಗೆ ಬಂದೆ. ಜನ ನಕ್ಕರು.

ನಾಟಕ ಮುಗಿದ ಮೇಲೆ ಎಲ್ಲರೂ ಮಾತಾಡಿದ್ದು ಆ ಕೈಯ ಬಗ್ಗೆ. ಮೂರನೇ ಅಂಕದಲ್ಲಿ ಆ ವಾಚಿನವನು ಬಂದು ಆಸ್ತಿಯಲ್ಲಿ ಪಾಲು ಕೇಳುತ್ತಾನೆಂದು ಅರ್ಧ ಸಭೆ ಕಾದಿತ್ತಂತೆ. ಒಬ್ಬರು ಪ್ರಹ್ಲಾದರ ಕೈ ಹಿಡಿದು, "ಆ ಅನಾಮಿಕ ಹಸ್ತ ತುಂಬಾ ಸಾಂಕೇತಿಕವಾಗಿತ್ತು ಸರ್, ಪರಂಪರೆ ಅಲ್ವಾ ಅದು?" ಎಂದರು. "ಹೌದ್ರೀ, ಪರಂಪರಾನೇ" ಎಂದರು ಪ್ರಹ್ಲಾದ, ಕಣ್ಣು ಮಿಟುಕಿಸದೆ.

ಆಮೇಲೆ ಅವರು ಫೋಟೋ ತಂದು ಅಮ್ಮನ ಕೈಗೆ ಕೊಟ್ಟು, ಜೇಬಿನಿಂದ ಒಂದು ಲಕೋಟೆಯನ್ನೂ ತೆಗೆದು ಮೇಲಿಟ್ಟರು. ಅವಸರದಲ್ಲಿ ಬೇರೆ ಸಿಕ್ಕಿರಲಿಲ್ಲ. ಗ್ರೋಸರಿಯಲ್ಲಿ ಮಾರುವ ಮುಯ್ಯಿಯ ಕವರು, ಹೊರಗೆ ಒಂದು ರೂಪಾಯಿಯ ನಾಣ್ಯ ಅಂಟಿಸಿದ್ದು. ಮೇಲೆ ಬಂಗಾರದ ಬಣ್ಣದಲ್ಲಿ 'ಶುಭ ವಿವಾಹ' ಎಂದಿತ್ತು. ಹಿರೋಕೋ ಅದನ್ನು ನೋಡಿ ಅಪ್ಪನ ಫೋಟೋಗೆ ಸೊಂಟ ಬಗ್ಗಿಸಿ ನಮಸ್ಕಾರ ಮಾಡಿದರು. ಅಮ್ಮ ಲಕೋಟೆಯನ್ನು ಕಣ್ಣಿಗೊತ್ತಿಕೊಂಡು ಚೌಕಟ್ಟಿನ ಹಿಂದೆ ಸಿಕ್ಕಿಸಿದರು. ಇವತ್ತಿಗೂ ಅಲ್ಲೇ ಇದೆ, ಯಾರೂ ಒಡೆದು ನೋಡಿಲ್ಲ.

ಮನೆಗೆ ಬರುವಾಗ ಅಮ್ಮ ನನ್ನ ಪಕ್ಕದ ಸೀಟಿನಲ್ಲಿ ಕೂತಿದ್ದರು. ಫೋಟೋ ಮಡಿಲಲ್ಲಿ, ಸೀಟ್‌ಬೆಲ್ಟು ಇಬ್ಬರಿಗೂ ಸೇರಿಸಿ. ಫ್ರೀವೇ ಹತ್ತಿದ ಮೇಲೆ ಫೋಟೋದ ಗಾಜಿನ ಮೇಲೆ ಅಂಗೈ ಆಡಿಸಿ ಹೇಳಿದರು:

"ನಿನಗೆ ಇದ್ದದ್ದು ಒಂದು ಮಾತು, ಅದನ್ನೂ ಮರೆತೆ. ಇವರನ್ನು ನೋಡು, ಮೊದಲನೇ ಸಲ. ಒಂದು ಕಡೆಯೂ ತಪ್ಪಲಿಲ್ಲ."